ಮುಯ್ಯಿಯ ಪುಸ್ತಕವೂ ಮಗಳ ಒಡವೆಯೂ

ನಮ್ಮ ನಾಡಿನ ಮದುವೆಯ ಮನೆಗಳಲ್ಲಿ ಬಹುಕಾಲದಿಂದ ನಡೆದುಬಂದಿರುವ ಒಂದು ಸಂಪ್ರದಾಯವು ವಾಚಕರಿಗೆಲ್ಲ ತಿಳಿದೇ ಇದೆ. ಧಾರೆಯಾಗಿ, ಬಂಧುಗಳು ಅಕ್ಷತೆ ಹಾಕಿದ ಮೇಲೆ, ಚಪ್ಪರದ ಒಂದು ಮೂಲೆಯಲ್ಲಿ ಮನೆಯವರಿಗೆ ಬೇಕಾದ ಹಿರಿಯರೊಬ್ಬರು ಪುಸ್ತಕವೊಂದನ್ನು ಬಿಚ್ಚಿಕೊಂಡು ಕುಳಿತುಕೊಳ್ಳುವರು. ಮೊದಲ ಹಾಳೆಗೆ ಅರಿಸಿನ ಕುಂಕುಮದ ಬೊಟ್ಟು, ತಲೆಯಲ್ಲಿ ಶ್ರೀಕಾರ. ಅದರ ಕೆಳಗೆ, ಇಂಥ ಊರಿನ ಇಂಥವರಿಂದ ನೂರಾ ಒಂದು ರೂಪಾಯಿ, ಇಂಥವರಿಂದ ಹಿತ್ತಾಳೆಯ ಕೊಡಪಾನ, ಇಂಥವರಿಂದ ಕುಪ್ಪಸದ ಕಣ, ಹೀಗೆ ಸಾಲುಸಾಲಾಗಿ ಮುಯ್ಯಿಯ ಲೆಕ್ಕವು ಏರುತ್ತ ಹೋಗುವುದು. ನಾಳೆ ಅವರ ಮನೆಯಲ್ಲಿ ಶುಭಕಾರ್ಯವಾದಾಗ ಈ ಪುಸ್ತಕವನ್ನು ತೆಗೆದು ನೋಡಿಯೇ ನಾವು ಮುಯ್ಯಿ ತೀರಿಸಬೇಕಷ್ಟೆ. ಹೀಗೆ ಬರೆದಿಡುವುದು ಅಪನಂಬಿಕೆಯೆಂದು ಯಾರೂ ಭಾವಿಸುವುದಿಲ್ಲ; ಅಮಂಗಳವೆಂದು ಯಾರೂ ಮುಖ ತಿರುಗಿಸುವುದಿಲ್ಲ.

ಆದರೆ ಅದೇ ದಿನ, ಅದೇ ಚಪ್ಪರದಲ್ಲಿ, ವಧುವಿನ ಕೊರಳು, ಕೈ, ಸೊಂಟಗಳ ಮೇಲೆ ತಂದೆತಾಯಿಗಳ ಇಪ್ಪತ್ತು ವರುಷದ ಉಳಿತಾಯವು ಹೊಳೆಯುತ್ತಿರುವುದು. ಅದರ ವಿಷಯದಲ್ಲಿ ಮಾತ್ರ ಒಂದು ಅಕ್ಷರವನ್ನೂ ಯಾರೂ ಬರೆಯುವುದಿಲ್ಲ. ನೂರಾ ಒಂದು ರೂಪಾಯಿಗೆ ಲೆಕ್ಕವಿದೆ. ನೂರಾರು ಗ್ರಾಂ ಚಿನ್ನಕ್ಕೆ ಲೆಕ್ಕವಿಲ್ಲ. ಸಂಸಾರವು ಸುಗಮವಾಗಿ ಸಾಗಿದರೆ ಈ ಕೊರತೆಯು ಯಾರ ಕಣ್ಣಿಗೂ ಬೀಳದು. ದೈವವಶಾತ್ ಗಂಡಹೆಂಡಿರ ನಡುವೆ ವಿರಸ ಬೆಳೆದು, ವ್ಯಾಜ್ಯವು ಕೌಟುಂಬಿಕ ನ್ಯಾಯಾಲಯವನ್ನು ಹತ್ತಿದಾಗ ಮಾತ್ರ ಅದರ ಬೆಲೆ ತಿಳಿದುಬರುವುದು. “ಒಡವೆಗಳ ತೂಕವೆಷ್ಟು? ಯಾರು ಕೊಟ್ಟರು? ಯಾರ ಕೈಗೆ ಒಪ್ಪಿಸಿದಿರಿ? ರುಜುವಾತೇನು?” ಎಂಬ ಪ್ರಶ್ನೆಗಳಿಗೆ ಆ ಹೆಣ್ಣುಮಗಳು ನೆನಪೊಂದನ್ನೇ ಆಧಾರವಾಗಿಟ್ಟುಕೊಂಡು ಉತ್ತರ ಕೊಡಬೇಕಾಗುವುದು. ಕಾನೂನು ಅವಳ ಕಡೆಗೇ ಇದೆ, ಕಾಗದವು ಇಲ್ಲ. ಈ ವಿಷಯವನ್ನೇ ನಮ್ಮ ಗೃಹಸ್ಥ ವಾಚಕರ ಮುಂದಿಡಬೇಕೆಂದು ನಾವು ಬಯಸಿರುವೆವು.

ಮೊದಲು ಕಾನೂನು ಏನು ಹೇಳುವುದೆಂಬುದನ್ನು ನೋಡೋಣ. ಸ್ತ್ರೀಗೆ ತನ್ನದೇ ಆದ ಧನವುಂಟೆಂಬುದು ನಮ್ಮಲ್ಲಿ ಹೊಸ ಮಾತಲ್ಲ. ಅಗ್ನಿಸಾಕ್ಷಿಯಾಗಿ ಕೊಟ್ಟದ್ದು, ಗಂಡನ ಮನೆಗೆ ಹೊರಡುವಾಗ ಕೊಟ್ಟದ್ದು, ಪ್ರೀತಿಯಿಂದ ಕೊಟ್ಟದ್ದು, ತಾಯಿತಂದೆ ಸೋದರರು ಕೊಟ್ಟದ್ದು ಎಂದು ಮನುಸ್ಮೃತಿಯು ಆರು ಬಗೆಯ ಸ್ತ್ರೀಧನವನ್ನು ಎಣಿಸಿರುವುದು. ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ, ಈಗ ಬೀದರ ಜಿಲ್ಲೆಯ ಬಸವಕಲ್ಯಾಣವೆನಿಸಿರುವ ಕಲ್ಯಾಣಪಟ್ಟಣದಲ್ಲಿದ್ದ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಬರೆದ ಮಿತಾಕ್ಷರಾ ವ್ಯಾಖ್ಯಾನದಲ್ಲಿ ಈ ಪದದ ಅರ್ಥವನ್ನು ಇನ್ನೂ ವಿಸ್ತರಿಸಿದನು. ಕ್ಷಾಮ, ವ್ಯಾಧಿ, ಧರ್ಮಕಾರ್ಯ, ಬಂಧನ ಇಂಥ ಸಂಕಟಗಳಲ್ಲಿ ಗಂಡನು ತೆಗೆದುಕೊಂಡದ್ದನ್ನು ಹಿಂದಿರುಗಿಸಲೇಬೇಕೆಂಬ ಕಟ್ಟು ಅವನಿಗಿಲ್ಲವೆಂದು ಯಾಜ್ಞವಲ್ಕ್ಯನು ಒಂದು ವಿನಾಯಿತಿಯನ್ನು ಕೊಟ್ಟಿದ್ದನು. ಸಂಕಟವಿಲ್ಲದಾಗ ಮುಟ್ಟಕೂಡದೆಂಬುದು ಅದರಿಂದಲೇ ಸ್ಪಷ್ಟವಾಗುವುದಲ್ಲವೆ?

ಹಳೆಯ ಮೈಸೂರು ಸಂಸ್ಥಾನವು ೧೯೩೩ನೆಯ ಇಸವಿಯಲ್ಲಿಯೇ ಹಿಂದೂ ಸ್ತ್ರೀಯರ ಹಕ್ಕುಗಳನ್ನು ಕುರಿತು ಒಂದು ಕಾಯಿದೆಯನ್ನು ಮಾಡಿ, ಸ್ತ್ರೀಧನವೆಂದರೇನೆಂಬುದನ್ನು ಅದರಲ್ಲಿ ವಿವರಿಸಿತು. ಸ್ವತಂತ್ರ ಭಾರತದಲ್ಲಿ ೧೯೫೬ರ ಹಿಂದೂ ಉತ್ತರಾಧಿಕಾರ ಕಾಯಿದೆಯ ೧೪ನೆಯ ಪ್ರಕರಣವು, ಮದುವೆಯ ಮುಂಚೆಯಾಗಲಿ, ಮದುವೆಯಲ್ಲಾಗಲಿ, ಆಮೇಲಾಗಲಿ ಹಿಂದೂ ಸ್ತ್ರೀಗೆ ದಾನವಾಗಿ ಬಂದ ಸ್ವತ್ತಿಗೆ ಅವಳೇ ಪೂರ್ಣ ಒಡತಿಯೆಂದು ಸಾರಿತು. ಮದುವೆಯಾದೊಡನೆ ಒಡವೆಗಳು ಗಂಡಹೆಂಡಿರಿಬ್ಬರ ಸ್ವತ್ತಾಗುವುವೆಂಬ ವಾದವನ್ನು ಸುಪ್ರೀಂ ಕೋರ್ಟು ೧೯೮೫ರಲ್ಲಿ ತಳ್ಳಿಹಾಕಿತು. ಹೆಂಡತಿಯು ಒಡವೆಯನ್ನು ಗಂಡನ ಕೈಗೋ ಅತ್ತೆಯ ಕೈಗೋ ಕೊಟ್ಟರೆ ಅದು ನಂಬಿ ಇರಿಸಿದ ಇಡುಗಂಟೇ ಹೊರತು ದಾನವಲ್ಲವೆಂದೂ, ಕೇಳಿದಾಗ ಕೊಡದೆ ದಕ್ಕಿಸಿಕೊಂಡರೆ ನಂಬಿಕೆದ್ರೋಹದ ಅಪರಾಧವೆಂದೂ ಆ ತೀರ್ಪು ಹೇಳಿತು. ೧೯೯೭ರಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠವು ಅದನ್ನೇ ಎತ್ತಿಹಿಡಿಯಿತು. ತವರಿನವರು ಕೊಟ್ಟದ್ದು ಮಾತ್ರವಲ್ಲದೆ ಗಂಡನೂ ಅವನ ಬಂಧುಗಳೂ ಅವಳಿಗೆಂದು ಕೊಟ್ಟದ್ದೂ ಅವಳದೇ.

ಇನ್ನು ವರದಕ್ಷಿಣೆಯ ಮಾತು. ಅದನ್ನು ಕೇಳುವುದೂ ಕೊಡುವುದೂ ತೆಗೆದುಕೊಳ್ಳುವುದೂ ೧೯೬೧ರ ವರದಕ್ಷಿಣೆ ನಿಷೇಧ ಕಾಯಿದೆಯಿಂದ ಅಪರಾಧವಾಗಿದೆ. ಈ ಕಾಯಿದೆಯು ಯಾವ ಮತದವರೆಂಬ ಭೇದವಿಲ್ಲದೆ ಎಲ್ಲರಿಗೂ ಅನ್ವಯಿಸುವುದು. ಹಾಗಿದ್ದರೂ ಕೊಟ್ಟುಹೋದ ಹಣದ ಗತಿಯೇನು? ಅದೇ ಕಾಯಿದೆಯ ೬ನೆಯ ಪ್ರಕರಣದ ಮೇರೆಗೆ, ವಧುವಿನ ಹೊರತು ಬೇರೆ ಯಾರು ಅದನ್ನು ಪಡೆದಿದ್ದರೂ ಅವಳ ಪ್ರಯೋಜನಕ್ಕಾಗಿಯೇ ಅದನ್ನು ಇಟ್ಟುಕೊಂಡಿದ್ದು, ಮದುವೆಗೆ ಮುಂಚೆ ಪಡೆದಿದ್ದರೆ ಮದುವೆಯಾದ ಮೂರು ತಿಂಗಳೊಳಗೆ, ಆಮೇಲೆ ಪಡೆದಿದ್ದರೆ ಪಡೆದ ಮೂರು ತಿಂಗಳೊಳಗೆ ಅವಳಿಗೆ ಒಪ್ಪಿಸತಕ್ಕದ್ದು. ಮಾವನವರ ಕೈಸೇರಿದ ಹಣವೂ ಕಾನೂನಿನ ಕಣ್ಣಿನಲ್ಲಿ ಸೊಸೆಯ ಹಣವೇ ಆಗಿರುವುದೆಂಬುದನ್ನು ಬಲ್ಲವರು ನಮ್ಮಲ್ಲಿ ಎಷ್ಟು ಮಂದಿ?

ಇಷ್ಟು ಸ್ಪಷ್ಟವಾದ ಕಾನೂನು ಇದ್ದೂ ಹೆಣ್ಣುಮಕ್ಕಳು ಬರಿಗೈಯಲ್ಲಿ ಹಿಂದಿರುಗುವುದೇಕೆ? ಹಕ್ಕು ಬೇರೆ, ಹಕ್ಕಿನ ರುಜುವಾತು ಬೇರೆ. ತನ್ನದೆಂದು ಹೇಳುವವರೇ ಅದನ್ನು ತೋರಿಸಿಕೊಡಬೇಕೆಂಬುದು ಸಾಕ್ಷ್ಯಶಾಸ್ತ್ರದ ಮೂಲಸೂತ್ರ. ಒಡವೆಯ ವ್ಯಾಜ್ಯದಲ್ಲಿ ತೋರಿಸಬೇಕಾದ ಸಂಗತಿಗಳು ನಾಲ್ಕು: ಒಡವೆಯು ಇತ್ತು ಎಂಬುದು, ಅದನ್ನು ಅವಳಿಗೇ ಕೊಟ್ಟರು ಎಂಬುದು, ಅವಳ ಕೈಯಿಂದ ಅದು ಗಂಡನ ಅಥವಾ ಅವನ ಮನೆಯವರ ವಶಕ್ಕೆ ಹೋಯಿತು ಎಂಬುದು, ಕೇಳಿದರೂ ಅದು ಹಿಂದಕ್ಕೆ ಬರಲಿಲ್ಲ ಎಂಬುದು. ಈ ನಾಲ್ಕು ಗಂಟುಗಳಲ್ಲಿ ಒಂದು ಸಡಿಲವಾದರೂ ಮೂಟೆಯು ಜಾರುವುದು.

ಮೊದಲನೆಯ ಗಂಟಿಗೆ ಬೇಕಾದದ್ದು ಅಂಗಡಿಯ ರಸೀದಿ. ಅದರಲ್ಲಿ ಒಡವೆಯ ಹೆಸರು, ತೂಕ, ದಿನಾಂಕಗಳು ಇರಬೇಕು. ೨೦೨೩ನೆಯ ಇಸವಿಯ ಏಪ್ರಿಲ್ ೧ರಿಂದ ಹಾಲ್‌ಮಾರ್ಕಿನ ಒಡವೆಯ ಮೇಲೆ ಅಕ್ಷರವೂ ಅಂಕಿಯೂ ಬೆರೆತ ಆರು ಸ್ಥಾನಗಳ ಗುರುತನ್ನು ಅಚ್ಚೊತ್ತುವುದು ಕಡ್ಡಾಯವಾಗಿರುವುದರಿಂದ, ಆ ಗುರುತನ್ನೂ ಬರೆದಿಟ್ಟರೆ ಈ ಬಳೆಯೇ ಆ ಬಳೆಯೆಂದು ಹೇಳಲು ಬರುವುದು. ಅಜ್ಜಿಯ ಕಾಲದ ಕಾಸಿನ ಸರಕ್ಕೆ ರಸೀದಿ ಎಲ್ಲಿಂದ ಬರಬೇಕೆಂದು ಕೇಳಬಹುದು. ಅಂಥದನ್ನು ನಂಬಿಕೆಯ ಅಕ್ಕಸಾಲಿಯಿಂದ ತೂಗಿಸಿ ಒಂದು ಚೀಟಿಯನ್ನು ಬರೆಸಿಕೊಳ್ಳುವುದು ಲೇಸು. ಹಣಕ್ಕಾಗಿ ತಂದೆಯು ಬ್ಯಾಂಕಿನಿಂದ ತೆಗೆದ ಮೊತ್ತ, ಮಾಡಿದ ಸಾಲ, ಮಾರಿದ ನಿವೇಶನದ ಪತ್ರ, ಇವೆಲ್ಲವೂ ಕೊಳ್ಳುವ ಶಕ್ತಿಯಿತ್ತೆಂಬುದಕ್ಕೆ ಬೆಂಬಲವಾಗುವುವು.

ಎರಡನೆಯ ಗಂಟು, ಒಡವೆಯು ಅವಳಿಗೇ ಸೇರಿದ್ದೆಂಬುದು. ರಸೀದಿಯು ತಂದೆಯ ಹೆಸರಿನಲ್ಲಿದ್ದರೆ ತಂದೆಯು ಕೊಂಡನೆಂದು ಮಾತ್ರ ಅದು ಹೇಳುವುದು. ಮಗಳಿಗೆ ಕೊಟ್ಟನೆಂದು ಹೇಳದು. ಇಲ್ಲಿ ಮದುವೆಯ ಭಾವಚಿತ್ರಗಳು ಉಪಯೋಗಕ್ಕೆ ಬರುವುವು. ಆದರೆ ಚಿತ್ರಕ್ಕೆ ಒಂದು ಮಿತಿಯಿದೆ. ಕೊರಳಿನಲ್ಲಿ ಸರವಿತ್ತೆಂದು ಅದು ತೋರಿಸುವುದೇ ಹೊರತು, ಅದು ಅಪರಂಜಿಯೋ ಬರಿಯ ಹೊಳಪೋ, ಮೂವತ್ತು ಗ್ರಾಮೋ ಹತ್ತು ಗ್ರಾಮೋ ಎಂಬುದನ್ನು ಹೇಳಲಾರದು. ರಸೀದಿಯೂ ಚಿತ್ರವೂ ಕೊಟ್ಟವರ ಸಾಕ್ಷ್ಯವೂ ಮೂರು ಸೇರಿದಾಗಲೇ ಗಂಟು ಬಿಗಿಯಾಗುವುದು. ಮೊಬೈಲಿನಲ್ಲಿ ತೆಗೆದ ಚಿತ್ರ, ಬರೆದ ಸಂದೇಶಗಳನ್ನು ಸಾಕ್ಷ್ಯವಾಗಿ ಒಪ್ಪಿಸುವಾಗ ೨೦೨೩ರ ಭಾರತೀಯ ಸಾಕ್ಷ್ಯ ಅಧಿನಿಯಮದ ೬೩ನೆಯ ಪ್ರಕರಣದಂತೆ ಒಂದು ಪ್ರಮಾಣಪತ್ರವು ಬೇಕಾಗುವುದರಿಂದ, ಮೂಲ ಉಪಕರಣವನ್ನು ಜೋಪಾನವಾಗಿ ಇಟ್ಟುಕೊಳ್ಳುವುದು ಒಳಿತು.

ಮೂರನೆಯ ಗಂಟೇ ಎಲ್ಲಕ್ಕಿಂತ ಕಠಿಣವಾದದ್ದು. ಗೃಹಪ್ರವೇಶವಾದ ರಾತ್ರಿ ಅತ್ತೆಯು, “ಇಷ್ಟೊಂದು ಒಡವೆ ನಿನ್ನ ಕೋಣೆಯಲ್ಲಿ ಬೇಡಮ್ಮ, ನನ್ನ ಬೀರುವಿನಲ್ಲಿರಲಿ” ಎನ್ನುವಳು. ಹೊಸ ಸೊಸೆಯು ಬಿಚ್ಚಿಕೊಡುವಳು. “ಅತ್ತೆ, ಒಂದು ಚೀಟಿ ಬರೆದುಕೊಡಿ” ಎಂದು ಕೇಳುವ ಸೊಸೆಯು ಯಾವ ಊರಿನಲ್ಲಿ ಹುಟ್ಟಿರುವಳು? ಮನೆಯ ಒಳಗೆ, ಹೊರಗಿನ ಸಾಕ್ಷಿಗಳಿಲ್ಲದೆ ನಡೆದ ಈ ಒಪ್ಪಿಸುವಿಕೆಯನ್ನು ಹತ್ತು ವರುಷಗಳ ಮೇಲೆ ರುಜುವಾತುಪಡಿಸಬೇಕೆಂದರೆ ಅದೆಷ್ಟು ಕಷ್ಟವೆಂಬುದನ್ನು ವಾಚಕರೇ ಊಹಿಸಿಕೊಳ್ಳಬಹುದು.

ನೆರೆಯ ಕೇರಳದಲ್ಲಿ ನಡೆದ ಒಂದು ವ್ಯಾಜ್ಯವು ಇದಕ್ಕೆ ಒಳ್ಳೆಯ ನಿದರ್ಶನ. ತವರಿನವರು ೮೯ ಪವನ್, ಎಂದರೆ ೭೧೨ ಗ್ರಾಂ ಚಿನ್ನವನ್ನು ಕೊಟ್ಟಿದ್ದರೆಂದೂ, ಮೊದಲ ರಾತ್ರಿಯೇ ಗಂಡನು ಅದನ್ನು ತೆಗೆದುಕೊಂಡು ಕಾಪಾಡುವ ನೆಪದಿಂದ ತನ್ನ ತಾಯಿಗೆ ಒಪ್ಪಿಸಿದನೆಂದೂ, ಅವರ ಹಳೆಯ ಸಾಲಗಳಿಗೆ ಅದು ಕರಗಿಹೋಯಿತೆಂದೂ ಹೆಂಡತಿಯು ಹೇಳಿದಳು. ಕೌಟುಂಬಿಕ ನ್ಯಾಯಾಲಯವು ೨೦೧೧ರಲ್ಲಿ ಅವಳ ಪರವಾಗಿ ತೀರ್ಪು ಕೊಟ್ಟಿತು. ೨೦೨೨ರಲ್ಲಿ ಹೈಕೋರ್ಟು, ಸಾಕ್ಷ್ಯವು ಸಾಲದೆಂದು ಅದನ್ನು ಬಹುಮಟ್ಟಿಗೆ ರದ್ದು ಮಾಡಿತು. ಕೊನೆಗೆ ೨೦೨೪ರ ಏಪ್ರಿಲ್ ತಿಂಗಳಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಸಂಜೀವ್ ಖನ್ನಾ ಮತ್ತು ನ್ಯಾಯಮೂರ್ತಿ ದೀಪಂಕರ್ ದತ್ತಾ ಅವರ ಪೀಠವು ಹೆಂಡತಿಗೆ ೨೫ ಲಕ್ಷ ರೂಪಾಯಿಗಳನ್ನು ಕೊಡಬೇಕೆಂದು ವಿಧಿಸಿತು. ಸಂಕಟದಲ್ಲಿ ಗಂಡನು ಸ್ತ್ರೀಧನವನ್ನು ಬಳಸಿದರೂ ಅದನ್ನು ಹಿಂದಿರುಗಿಸುವುದು ಅವನ ನೈತಿಕ ಕರ್ತವ್ಯವೆಂದು ಪೀಠವು ಹೇಳಿತು. ಯಾಜ್ಞವಲ್ಕ್ಯನು ಬಿಟ್ಟಿದ್ದ ವಿನಾಯಿತಿಯ ಬಾಗಿಲನ್ನು ಈ ಮಾತು ಬಹಳಷ್ಟು ಕಿರಿದುಮಾಡಿತೆನ್ನಬಹುದು. ನ್ಯಾಯವು ದೊರೆಯಿತು, ನಿಜ; ಆದರೆ ಮೊದಲ ತೀರ್ಪಿನಿಂದ ಕೊನೆಯ ತೀರ್ಪಿಗೆ ಹದಿಮೂರು ವರುಷಗಳು ಹಿಡಿದುವು. ಎರಡು ಕಡೆಯವರ ರುಜುವಿದ್ದ ಒಂದು ಹಾಳೆ ಕಾಗದವಿದ್ದಿದ್ದರೆ ಈ ದಾರಿಯು ಎಷ್ಟು ಮೊಟಕಾಗುತ್ತಿತ್ತೋ!

ನ್ಯಾಯಾಲಯಗಳು ಮನೆಯ ಒಳಗಿನ ಈ ಕಷ್ಟವನ್ನು ಅರಿಯವೆಂದು ಹೇಳಲಾಗದು. ಇಂಥ ವ್ಯಾಜ್ಯಗಳಲ್ಲಿ ಕ್ರಿಮಿನಲ್ ಮೊಕದ್ದಮೆಯಂತೆ ಸಂಶಯಕ್ಕೆ ಎಡೆಯಿಲ್ಲದ ರುಜುವಾತು ಬೇಕಾಗಿಲ್ಲ; ಎರಡು ಮಾತುಗಳನ್ನು ತಕ್ಕಡಿಯಲ್ಲಿಟ್ಟು ಯಾವುದು ಹೆಚ್ಚು ಸಂಭವವೆಂದು ನೋಡಿದರೆ ಸಾಕು. ೧೯೮೪ರ ಕೌಟುಂಬಿಕ ನ್ಯಾಯಾಲಯಗಳ ಕಾಯಿದೆಯ ೧೪ನೆಯ ಪ್ರಕರಣವು, ಸಾಕ್ಷ್ಯದ ಕಾನೂನಿನ ಮೇರೆಗೆ ಒಪ್ಪಲಾಗದ ಕಾಗದಪತ್ರಗಳನ್ನು ಕೂಡ, ವ್ಯಾಜ್ಯದ ಇತ್ಯರ್ಥಕ್ಕೆ ಸಹಾಯವಾಗುವುದೆಂದು ತೋರಿದರೆ ನ್ಯಾಯಾಧೀಶರು ಪರಿಶೀಲಿಸಬಹುದೆಂದು ಅನುಮತಿ ಕೊಟ್ಟಿರುವುದು. ಹೊಸ ಸೊಸೆಯು ಗಂಡನ ಮನೆಯವರಿಂದ ರಸೀದಿಯನ್ನೋ ಸಾಕ್ಷಿಯನ್ನೋ ಕೇಳುವ ಸ್ಥಿತಿಯಲ್ಲಿರಲಾರಳೆಂಬುದನ್ನು ೨೦೨೫ರಲ್ಲಿ ಕೇರಳ ಹೈಕೋರ್ಟು ಎತ್ತಿ ಹೇಳಿತು. ನಮ್ಮ ಕರ್ನಾಟಕದ ಹೈಕೋರ್ಟು ೨೦೨೨ರಲ್ಲಿ, ಮದುವೆಯೇ ರದ್ದಾಯಿತೆಂಬ ಕಾರಣದಿಂದ ಹೆಂಡತಿಯು ತಂದ ವಸ್ತುಗಳನ್ನು ಗಂಡನ ಮನೆಯವರು ಉಳಿಸಿಕೊಳ್ಳಲಾಗದೆಂದು ಹೇಳಿತು. ಆದರೂ ನ್ಯಾಯಾಧೀಶರ ಅನುಕಂಪವನ್ನೇ ನೆಚ್ಚಿ ಕೂರುವುದು ಜಾಣತನವಲ್ಲ.

ಹಾಗಾದರೆ ಮಾಡತಕ್ಕದ್ದೇನು? ಅದನ್ನು ಸರಕಾರವೇ ೧೯೮೫ನೆಯ ಇಸವಿಯ ಅಕ್ಟೋಬರ್ ೨ರಿಂದ ಜಾರಿಗೆ ತಂದ ನಿಯಮಗಳಲ್ಲಿ ಹೇಳಿರುವುದು. ನಾವು ಅದನ್ನು ಓದದೆ ಬಿಟ್ಟಿರುವೆವು, ಅಷ್ಟೆ. ಯಾರೂ ಕೇಳದೆ ಪ್ರೀತಿಯಿಂದ ಕೊಟ್ಟ ಉಡುಗೊರೆಗಳಿಗೆ ಎರಡು ಯಾದಿಗಳನ್ನು ಮಾಡಬೇಕು. ವಧುವಿಗೆ ಬಂದದ್ದರ ಯಾದಿಯು ವಧುವಿನ ಬಳಿಯಲ್ಲಿ, ವರನಿಗೆ ಬಂದದ್ದರ ಯಾದಿಯು ವರನ ಬಳಿಯಲ್ಲಿ ಇರತಕ್ಕದ್ದು. ಮದುವೆಯ ಕಾಲದಲ್ಲಿಯೋ, ಆದಷ್ಟು ಬೇಗ ಆಮೇಲೆಯೋ, ಬರಹದಲ್ಲಿಯೇ ಅದನ್ನು ಮಾಡಬೇಕು. ಪ್ರತಿಯೊಂದು ವಸ್ತುವಿನ ಕಿರುವಿವರ, ಅಂದಾಜು ಬೆಲೆ, ಕೊಟ್ಟವರ ಹೆಸರು, ಅವರು ಬಂಧುಗಳಾಗಿದ್ದರೆ ಆ ಸಂಬಂಧ, ಇಷ್ಟೂ ಇರಬೇಕು. ಕೊನೆಯಲ್ಲಿ ವಧೂವರರಿಬ್ಬರೂ ರುಜು ಹಾಕಬೇಕು. ರುಜು ಬಾರದವರು ಹೆಬ್ಬೆಟ್ಟನ್ನು ಒತ್ತಬಹುದು. “ಎರಡೆಳೆಯ ಸರ ಒಂದು, ತೂಕ ೩೨ ಗ್ರಾಂ, ಅಂದಾಜು ಬೆಲೆ ಇಷ್ಟು, ಕೊಟ್ಟವರು ಇಂಥವರು, ವಧುವಿಗೆ ಸೋದರಮಾವ” ಎಂದು ಬರೆದರೆ ಒಂದು ಸಾಲು ಮುಗಿಯಿತು. ತೂಕವನ್ನು ಬರೆಯಬೇಕೆಂದು ನಿಯಮವು ಬಾಯಿಬಿಟ್ಟು ಹೇಳದಿದ್ದರೂ ತೂಕವಿಲ್ಲದ ಯಾದಿಯು ಉಪ್ಪಿಲ್ಲದ ಸಾರು. ಮುಯ್ಯಿ ಬರೆಯುವ ಹಿರಿಯರೇ ಅದೇ ಲೇಖನಿಯಿಂದ ಇನ್ನೆರಡು ಹಾಳೆಗಳನ್ನು ಬರೆದರೆ ಎಲ್ಲವೂ ಆದಂತೆಯೇ.

ಶುಭಮುಹೂರ್ತದಲ್ಲಿ ಇಂಥ ಕಾಗದಕ್ಕೆ ರುಜು ಕೇಳುವುದೆಂದರೆ ಬೀಗರ ಮೇಲೆ ಅವಿಶ್ವಾಸ ತೋರಿಸಿದಂತಾಗದೆ ಎಂದು ಕೆಲವರು ಹಿಂಜರಿಯುವರು. ಮುಯ್ಯಿಯನ್ನು ಬರೆಯುವುದು ಅವಿಶ್ವಾಸವಲ್ಲದಿದ್ದರೆ ಇದು ಹೇಗೆ ಅವಿಶ್ವಾಸವಾದೀತು? ಮೇಲಾಗಿ ಯಾದಿಯು ಗಂಡಿನ ಮನೆಯವರನ್ನೂ ಕಾಪಾಡುವುದು. ೪೦ ಗ್ರಾಂ ಕೊಟ್ಟು ೪೦೦ ಗ್ರಾಂ ಕೊಟ್ಟೆವೆಂದು ಕೋಪದಲ್ಲಿ ಹೇಳುವವರೂ ಲೋಕದಲ್ಲಿಲ್ಲದೆ ಇಲ್ಲ. ಅಂಥ ಒಂದು ಸುಳ್ಳು ಹೊರಬಿದ್ದರೆ ಉಳಿದ ನಿಜವೂ ಅದರೊಡನೆ ಮುಳುಗುವುದೆಂಬುದನ್ನು ಹೆಣ್ಣಿನ ಕಡೆಯವರು ನೆನಪಿನಲ್ಲಿಡಬೇಕು. ಗಂಡಿನ ಮನೆಯವರು ತಮ್ಮ ವಂಶದ ಒಡವೆಯನ್ನು ಧಾರೆಯ ದಿನದ ಮಟ್ಟಿಗೆ ಸೊಸೆಗೆ ತೊಡಿಸಿದ್ದರೆ ಅದನ್ನೂ ಸ್ಪಷ್ಟವಾಗಿ ಬರೆದುಬಿಟ್ಟರೆ ಮುಂದೆ ವಾದಕ್ಕೆ ಎಡೆಯಿರದು.

ಇನ್ನು ಕೆಲವರ ಅಂಜಿಕೆಯು ಬೇರೆ ಬಗೆಯದು. “ನಿಶ್ಚಿತಾರ್ಥದಲ್ಲಿ ಬೀಗರು ಕೇಳಿದಷ್ಟು ಹಣ ಕೊಟ್ಟಿರುವೆವು; ಅದನ್ನು ಬರೆದರೆ ಕೊಟ್ಟ ತಪ್ಪಿಗೆ ನಾವೇ ಸಿಕ್ಕಿಬೀಳುವೆವಲ್ಲ?” ಎಂದು ಅವರು ಕೇಳುವರು. ಕೇಳಿದ ಹಣವನ್ನು ಕೊಡದೆ ಇರುವುದೇ ಇದಕ್ಕೆ ಮೊದಲ ಉತ್ತರ. ಕೊಟ್ಟು ನೊಂದವರು ಮಾಡಿದ ಹೇಳಿಕೆಯಿಂದ ಅವರ ಮೇಲೆಯೇ ಮೊಕದ್ದಮೆ ನಡೆಯಕೂಡದೆಂದು ೧೯೬೧ರ ಕಾಯಿದೆಯ ೭ನೆಯ ಪ್ರಕರಣವು ರಕ್ಷಣೆ ಕೊಟ್ಟಿರುವುದೆಂಬುದು ಎರಡನೆಯ ಉತ್ತರ. ಮಗಳ ಬಾಳಿಗಾಗಿ ಹಣವನ್ನು ಒದಗಿಸಬೇಕೆಂಬ ಆಸೆಯಿದ್ದರೆ ಅವಳ ಹೆಸರಿನ ಖಾತೆಗೇ ಬ್ಯಾಂಕಿನ ಮೂಲಕ ಕಟ್ಟುವುದು ಉತ್ತಮ ಮಾರ್ಗ. ಆ ಖಾತೆಯ ಪುಸ್ತಕವೇ ಸಾಕ್ಷಿಯಾಗುವುದು.

ಮದುವೆಯಾದ ಮೇಲೂ ಎಚ್ಚರವು ಬೇಕು. ರಸೀದಿ, ಯಾದಿ, ಚಿತ್ರಗಳ ಒಂದು ಪ್ರತಿ ಮಗಳ ಬಳಿಯಲ್ಲಿ, ಇನ್ನೊಂದು ತವರಿನಲ್ಲಿರಲಿ. ಬ್ಯಾಂಕಿನ ಲಾಕರು ಅವಳ ಹೆಸರೂ ಸೇರಿದಂತೆ ಇರಲಿ. ಅದನ್ನು ಯಾರು, ಎಂದು ತೆರೆದರೆಂಬುದನ್ನು ಬ್ಯಾಂಕಿನವರು ಬರೆದಿಡುವುದರಿಂದ, ಮೂರನೆಯ ಗಂಟಿಗೆ ಅದಕ್ಕಿಂತ ನಿಷ್ಪಕ್ಷಪಾತವಾದ ಸಾಕ್ಷಿಯಿಲ್ಲ. ಹಳೆಯ ಬಳೆಯನ್ನು ಕರಗಿಸಿ ಹೊಸದನ್ನು ಮಾಡಿಸಿದಾಗ, ಹಳೆಯದರ ತೂಕವನ್ನು ಹೊಸ ರಸೀದಿಯಲ್ಲಿ ಬರೆಸಬೇಕು. ಇಲ್ಲವಾದರೆ ತವರಿನ ಚಿನ್ನವು ಗಂಡನ ಹೆಸರಿನ ಹೊಸ ಒಡವೆಯಾಗಿ ಮಾರ್ಪಡುವುದು. ಗಂಡನ ವ್ಯಾಪಾರಕ್ಕೋ ಮನೆ ಕಟ್ಟುವುದಕ್ಕೋ ಒಡವೆಯನ್ನು ಗಿರವಿ ಇಟ್ಟರೆ ಆ ಚೀಟಿಯ ಪ್ರತಿಯನ್ನು ತೆಗೆದಿಟ್ಟುಕೊಳ್ಳಬೇಕು. ಕಷ್ಟಕಾಲದಲ್ಲಿ ಗಂಡನಿಗೆ ಒಡವೆಯನ್ನು ಕೊಡುವುದು ಸಹಧರ್ಮಿಣಿಗೆ ಭೂಷಣವೇ. ಕೊಟ್ಟದ್ದನ್ನು ಬರೆದಿಡುವುದು ಆ ಭೂಷಣಕ್ಕೆ ಕುಂದಲ್ಲ.

ಈಗಾಗಲೇ ವಿರಸದಲ್ಲಿ ಸಿಲುಕಿರುವವರಿಗೂ ಎರಡು ಮಾತು. ನಾಲ್ಕನೆಯ ಗಂಟು ಇಲ್ಲಿಯೇ ಇರುವುದು. ಒಡವೆಗಳನ್ನು ಹೆಸರಿಸಿ, ಹಿಂದಿರುಗಿಸಬೇಕೆಂದು ಬರಹದಲ್ಲಿ ಕೇಳಬೇಕು. ಬಾಯಿಮಾತಿನ ಕೇಳಿಕೆಯು ಗಾಳಿಯಲ್ಲಿ ಹೋಗುವುದು. ಕೌಟುಂಬಿಕ ನ್ಯಾಯಾಲಯದಲ್ಲಿ ಸ್ವತ್ತಿನ ದಾವೆಯನ್ನು ಹೂಡಬಹುದು. ಕೌಟುಂಬಿಕ ಹಿಂಸೆಯನ್ನು ಅನುಭವಿಸಿದವರು ೨೦೦೫ರ ಕಾಯಿದೆಯ ಮೇರೆಗೆ ಮ್ಯಾಜಿಸ್ಟ್ರೇಟರನ್ನು ಮೊರೆಹೋದರೆ, ಸ್ತ್ರೀಧನವನ್ನು ಹಿಂದಿರುಗಿಸುವಂತೆ ಅವರು ಆಜ್ಞಾಪಿಸಬಲ್ಲರು. ಗಂಡನು ಲಾಕರನ್ನು ಬರಿದುಮಾಡದಂತೆ ತಡೆಯಲೂಬಲ್ಲರು. ನ್ಯಾಯಿಕ ಪ್ರತ್ಯೇಕತೆಯ ತೀರ್ಪಾದ ಮೇಲೂ ಆ ಕಾಯಿದೆಯಡಿ ಸ್ತ್ರೀಧನವನ್ನು ಕೇಳುವ ಹಕ್ಕು ಅಳಿಯದೆಂದು ಸುಪ್ರೀಂ ಕೋರ್ಟು ೨೦೧೫ರಲ್ಲಿ ಹೇಳಿರುವುದು. ಆದರೆ ಒಂದು ಸಂಗತಿ ನೆನಪಿರಲಿ: ಮಗಳ ಒಪ್ಪಿಗೆಯಿಲ್ಲದೆ ಅವಳ ಸ್ತ್ರೀಧನವನ್ನು ತಂದೆಯೂ ಕೇಳಲಾರನೆಂದು ೨೦೨೪ರ ಆಗಸ್ಟಿನಲ್ಲಿ ಅದೇ ನ್ಯಾಯಾಲಯವು ತೀರ್ಪಿತ್ತಿತು. ಕೊಟ್ಟ ಮೇಲೆ ಅದು ಗಂಡನದೂ ಅಲ್ಲ, ತಂದೆಯದೂ ಅಲ್ಲ, ಅವಳದು.

ಕೊಟ್ಟ ತಾಯಿತಂದೆಗಳಾದ ನಾವೇ ಮೊದಲು ಈ ಮಾತನ್ನು ಮನಸ್ಸಿಗೆ ತಂದುಕೊಳ್ಳಬೇಕು. ಮಗಳಿಗೆ ಒಡವೆಯನ್ನು ಹಾಕಿ ಕಳುಹಿಸುವಾಗ ಊರು ನೋಡಿ ಮೆಚ್ಚಲೆಂಬ ಬಯಕೆಗಿಂತ, ಕಷ್ಟ ಬಂದ ದಿನ ಅವಳ ಕೈಗೆ ಆಸರೆಯಾಗಲೆಂಬ ಬಯಕೆಯೇ ನಮ್ಮಲ್ಲಿ ದೊಡ್ಡದಲ್ಲವೆ? ಆ ದಿನ ಅವಳ ನೆರವಿಗೆ ಬರುವುದು ಒಡವೆಯ ಹೊಳಪಲ್ಲ, ಅದು ತನ್ನದೆಂದು ತೋರಿಸುವ ಬರಹ. ಆದುದರಿಂದ ಮುಂದಿನ ಶುಭಕಾರ್ಯಕ್ಕೆ ಮುಯ್ಯಿಯ ಪುಸ್ತಕವನ್ನು ಕೊಳ್ಳುವಾಗ, ಯಾದಿಗೆಂದು ನಾಲ್ಕು ಹಾಳೆಗಳನ್ನು ಹೆಚ್ಚಾಗಿ ಕೊಂಡುಕೊಳ್ಳಿರೆಂದು ನಮ್ಮ ವಾಚಕರಲ್ಲಿ ಬಿನ್ನಹ. ಅವುಗಳಿಗೂ ಅರಿಸಿನ ಕುಂಕುಮವನ್ನು ಹಚ್ಚಿ, ತಲೆಯಲ್ಲಿ ಶ್ರೀಕಾರವನ್ನು ಬರೆಯಿರಿ. ಆ ಯಾದಿಯು ಪೆಟ್ಟಿಗೆಯ ತಳದಲ್ಲಿ ಯಾರಿಗೂ ಬೇಡವಾಗಿ ಹಳದಿಯಾಗಿ ಹೋಗಲೆಂದೇ ನಾವು ಹಾರೈಸುವೆವು. ಆದರೆ ಅದು ಅಲ್ಲಿ ಇರಲಿ.